ಮೋಲ್ಡ್ ಹಾಕುವ ಮೊದಲು

ಪ್ರಶ್ನೆ: ನಮ್ಮದು ಶಿರಾ ತಾಲ್ಲೂಕು, ತಾವರೆಕೆರೆಯಿಂದ ಒಳಗೆ ನಾಲ್ಕು ಕಿಲೋಮೀಟರ್ ದೂರದ ಹಳ್ಳಿ. ನನಗೆ 54 ವರ್ಷ. ಯಜಮಾನರು ತೀರಿಕೊಂಡು ಆರು ವರ್ಷವಾಯಿತು. ಅತ್ತೆ ಜೊತೆಗಿದ್ದಾರೆ, ಮಗ ಬೆಂಗಳೂರಿನಲ್ಲಿ ಕೆಲಸದಲ್ಲಿದ್ದಾನೆ. ಮನೆ ಮಾವನವರ ಕಾಲದ ಮಣ್ಣಿನ ಮಾಳಿಗೆಯದು. ಪಕ್ಕದ ಮನೆಯವರು ಬೇರೆ ಯಾರೂ ಅಲ್ಲ, ಯಜಮಾನರ ದೊಡ್ಡಪ್ಪನ ಮಗ. 1996ರಲ್ಲಿ ಹಿರಿಯರು ಪಾಲಾದಾಗ ಎರಡು ಮನೆ ನಡುವಿನ ನಾಲ್ಕಡಿ ಸಂದಿ ಇಬ್ಬರಿಗೂ ಸೇರಿದ್ದು ಎಂದು ಪಾರೀಕತ್ತಿನಲ್ಲಿ ಬರೆದಿದ್ದಾರೆ. ಅದು ರಿಜಿಸ್ಟರ್ ಆಗಿಲ್ಲ. ನಮ್ಮ ಮಾಳಿಗೆಯ ದೋಣಿ ನೀರು ಆ ಸಂದಿಗೇ ಬೀಳುವುದು, ನಡುಮನೆಗೆ ಬೆಳಕು ಬರುವ ಒಂದೇ ಕಿಟಕಿಯೂ ಆ ಕಡೆಗೇ.

ಈಗ ಅವರು ಹಳೆ ಮನೆ ಕೆಡವಿ ಎರಡು ಅಂತಸ್ತಿನ ಮನೆ ಕಟ್ಟುತ್ತಿದ್ದಾರೆ. ಪಿಲ್ಲರ್‌ಗಳನ್ನು ಸಂದಿಯೊಳಗೇ ಎಬ್ಬಿಸಿ ಒಂದಡಿ ಜಾಗ ಉಳಿಸಿದ್ದಾರೆ. ಸೆಂಟ್ರಿಂಗ್ ಮುಗಿದಿದೆ. ಸಜ್ಜೆ ನಮ್ಮ ಮಾಳಿಗೆ ಮೇಲಕ್ಕೇ ಬರುತ್ತದೆ. ಪಂಚಾಯ್ತಿ ಪ್ಲಾನಿನಲ್ಲಿ ಸಂದಿ ಕಡೆ ಮೂರಡಿ ಬಿಟ್ಟಂತೆ ತೋರಿಸಿದ್ದಾರಂತೆ. ದೂರು ಕೊಟ್ಟೆ, ಒಂದು ನೋಟಿಸ್ ಹೋಯಿತು, ಅಲ್ಲಿಗೆ ನಿಂತಿತು. ಪೊಲೀಸರು ಸಿವಿಲ್ ಮ್ಯಾಟರ್ ಅಂದರು. ಅವರು ಮಾತ್ರ 'ದಂಡ ಕಟ್ಟಿ ಸಕ್ರಮ ಮಾಡಿಸ್ಕೊಂತೀನಿ, ಏನು ಮಾಡ್ತೀಯ ಮಾಡ್ಕೊ' ಅಂತಾರೆ. ಆಷಾಢ ಕಳೆದ ಮೇಲೆ ಮೋಲ್ಡ್ ಅಂತೆ. ಕೋರ್ಟಿನಿಂದ ಸ್ಟೇ ತಂದರೆ ಕಟ್ಟಿದ್ದನ್ನು ಒಡೆಸುತ್ತಾರಾ? ನಮ್ಮ ಊರಿನವರೊಬ್ಬರು ಮೊದಲು ಕೈ ಮಾಡಿದರು ಅಂತ ಒಂದು ಕ್ರಿಮಿನಲ್ ಕೇಸ್ ಜಡಿಯಿರಿ, ತಾನಾಗೇ ದಾರಿಗೆ ಬರ್ತಾರೆ ಅಂತಾರೆ. ಇನ್ನೊಂದು ಮಾತು ಮುಚ್ಚಿಡುವುದಿಲ್ಲ. 2009ರಲ್ಲಿ ನಾವು ಬಚ್ಚಲುಮನೆ ಕಟ್ಟಿದಾಗ ಸಂದಿಯಲ್ಲಿ ಒಂದಡಿ ನಾವೂ ತಗೊಂಡಿದ್ದೀವಿ. ಏನು ಮಾಡಲಿ?

ಉತ್ತರ: ತಾಯಿ, ಕೊನೆಯಲ್ಲಿ ಬರೆದ ಬಚ್ಚಲುಮನೆಯ ಮಾತನ್ನು ನೀವು ಮೊದಲೇ ಬರೆಯಬಹುದಿತ್ತು. ಇಡೀ ಪತ್ರದಲ್ಲಿ ಅದಕ್ಕಿಂತ ಮುಖ್ಯವಾದ ಮಾತಿಲ್ಲ. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ತುರ್ತಿನದು.

ಆಷಾಢ ನಿಮಗೆ ಕೆಲವು ವಾರಗಳನ್ನು ಕೊಟ್ಟಿದೆ. ಕೋರ್ಟಿಗೆ ಆಷಾಢವಿಲ್ಲ. ಮೋಲ್ಡ್ ಬಿದ್ದು ಕ್ಯೂರಿಂಗ್ ಶುರುವಾದ ಮೇಲೆ ನೀವು ಕೇಳುವ ಪರಿಹಾರವೇ ಬೇರೆಯಾಗುತ್ತದೆ, ನ್ಯಾಯಾಧೀಶರ ಕೈಯೂ ಬಿಗಿಯಾಗುತ್ತದೆ. 'ಹೀಗೆ ಕಟ್ಟಬೇಡ' ಎಂದು ತಡೆಯುವುದು ಒಂದು ಆದೇಶ. 'ಕಟ್ಟಿದ್ದನ್ನು ತೆಗೆ' ಎನ್ನುವುದು ಇನ್ನೊಂದು. ಮೊದಲನೆಯದು ಪ್ರತಿಬಂಧಕಾಜ್ಞೆ, 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 38ನೇ ಕಲಮಿನದು. ಎರಡನೆಯದು ಆಜ್ಞಾಪಕ ಆದೇಶ, 39ನೇ ಕಲಮು. ಜನ ಎರಡನ್ನೂ ಸೇರಿಸಿ 'ಸ್ಟೇ' ಅನ್ನುತ್ತಾರೆ. ದಾವೆ ಹಾಕಿದ ವಾರದಲ್ಲಿ ಸಿಕ್ಕರೆ ಸಿಗುವುದು ಮೊದಲನೆಯದರ ತಾತ್ಕಾಲಿಕ ರೂಪ ಮಾತ್ರ. ಒಡೆಸುವ ಆದೇಶವನ್ನು ಸಾಕ್ಷ್ಯ, ವಾದ ಎಲ್ಲ ಮುಗಿಯುವ ಮೊದಲು ಕೋರ್ಟು ಕೊಡುವುದು ತೀರ ಅಪರೂಪ. ಮನೆ ಪೂರ್ತಿಯಾಗಿ ಗೃಹಪ್ರವೇಶದ ಊಟವೂ ಮುಗಿದಿದ್ದರೆ, ಒಡೆಸುವ ಬದಲು ನಷ್ಟಪರಿಹಾರದ ಹಣ ಕೊಡಿಸುವ ಅಧಿಕಾರವೂ ಕೋರ್ಟಿಗಿದೆ. ಆದ್ದರಿಂದ ನಿಮ್ಮ ಪ್ರಶ್ನೆಗೆ ನೇರ ಉತ್ತರ: ಸ್ಟೇ ಬಂದರೆ ಈಗ ಎದ್ದಿರುವ ಪಿಲ್ಲರ್ ಬೀಳುವುದಿಲ್ಲ, ಮೋಲ್ಡ್ ನಿಲ್ಲುತ್ತದೆ. ಪಿಲ್ಲರ್ ತೆಗೆಸುವ ಕೋರಿಕೆಯನ್ನು ಅದೇ ದಾವೆಯಲ್ಲಿ ಈಗಲೇ ಸೇರಿಸಿರಬೇಕು.

ಇನ್ನು, ನಿಮ್ಮ ಪತ್ರದಲ್ಲಿ ಕಟ್ಟಡದ ನಿಯಮದ ಮೇಲಿನ ಸಿಟ್ಟೇ ಹೆಚ್ಚು. ಪ್ಲಾನಿನಲ್ಲಿ ಮೂರಡಿ ತೋರಿಸಿ ನೆಲದ ಮೇಲೆ ಒಂದಡಿ ಬಿಟ್ಟರೆ ಸಿಟ್ಟು ಬರದೆ ಏನು. ಆದರೆ ಸಿವಿಲ್ ಕೋರ್ಟು ಪಂಚಾಯ್ತಿಯ ಉಪವಿಧಿಯ ಕಾವಲುಗಾರನಲ್ಲ. ಅದು ನಿಮ್ಮ ಹಕ್ಕನ್ನು ಕಾಯುತ್ತದೆ. 'ಇವರು ಸೆಟ್‌ಬ್ಯಾಕ್ ಬಿಟ್ಟಿಲ್ಲ' ಎಂದಷ್ಟೇ ಬರೆದ ದಾವೆಗೆ ಎದುರು ವಕೀಲರು ಕೇಳುವ ಮೊದಲ ಪ್ರಶ್ನೆ, 'ಅದು ಪಂಚಾಯ್ತಿಗೂ ನನ್ನ ಕಕ್ಷಿದಾರನಿಗೂ ಇರುವ ವಿಷಯ, ನಿಮಗೇನು?' ಆ 'ನಿಮಗೇನು' ಎಂಬುದಕ್ಕೆ ಉತ್ತರ ನಿಮ್ಮಲ್ಲಿ ಮೂರು ಇವೆ, ಒಂದಕ್ಕಿಂತ ಒಂದು ಗಟ್ಟಿ. ಸಂದಿ ನಿಮಗೂ ಸೇರಿದ್ದು. ನಿಮ್ಮ ಮಾಳಿಗೆಯ ನೀರಿಗೆ ಬೇರೆ ದಾರಿಯಿಲ್ಲ. ನಡುಮನೆಯ ಬೆಳಕು ಅಲ್ಲಿಂದಲೇ. ನಿಯಮ ಮುರಿದದ್ದನ್ನು ಇವುಗಳ ಬೆನ್ನಿಗೆ ನಿಲ್ಲಿಸಿ, ಮುಂದೆ ನಿಲ್ಲಿಸಬೇಡಿ.

ಇವುಗಳಲ್ಲಿ ಸಂದಿಯದೇ ಬೇರು. ಪಾರೀಕತ್ತಿನಲ್ಲಿ ಇಬ್ಬರಿಗೂ ಸೇರಿದ್ದು ಎಂದಿದ್ದರೆ ನೀವು ಸಹ ಮಾಲೀಕರು. ಸಹ ಮಾಲೀಕನೊಬ್ಬ ಸಾಮೂಹಿಕ ಜಾಗದಲ್ಲಿ ತನಗೊಬ್ಬನಿಗೇ ಎಂದು ಪಿಲ್ಲರ್ ನಿಲ್ಲಿಸುವಂತಿಲ್ಲ. ರಿಜಿಸ್ಟರ್ ಆಗಿಲ್ಲ ಎಂದು ಎದೆಗುಂದಬೇಡಿ, ಹಾಗೆಂದು ನಿರಾಳವಾಗಿಯೂ ಇರಬೇಡಿ. ಆ ಕಾಗದದ ಮೂಲಕವೇ ಪಾಲಾಯಿತೋ, ಅಥವಾ ಬಾಯಿಮಾತಿನಲ್ಲಿ ಪಾಲಾಗಿ ಆಮೇಲೆ ನೆನಪಿಗೆಂದು ಬರೆದಿಟ್ಟರೋ ಎಂಬುದರ ಮೇಲೆ ಎಲ್ಲ ನಿಂತಿದೆ. ನೆನಪಿನ ಬರಹಕ್ಕೆ ನೋಂದಣಿ ಬೇಡ. ಪಾಲನ್ನೇ ಮಾಡಿದ ಪತ್ರವಾದರೆ ಬೇಕು, ಇಲ್ಲದಿದ್ದರೆ ಯಾರು ಎಲ್ಲಿ ಅನುಭವದಲ್ಲಿದ್ದರು ಎಂಬಂಥ ಪೂರಕ ಸಂಗತಿಗಷ್ಟೇ ಅದು ನೆರವಾಗುತ್ತದೆ. ಸ್ಟಾಂಪು ಸಾಲದಿದ್ದರೆ ಕೊರತೆಯ ಶುಲ್ಕವೂ ಅದರ ಹತ್ತು ಪಟ್ಟು ದಂಡವೂ ಬೀಳಬಹುದು. ಪಾರೀಕತ್ತಿಗೆ ರುಜು ಹಾಕಿದ ಪಂಚರಲ್ಲಿ ಬದುಕಿರುವವರು ಯಾರು ಎಂದು ಇವತ್ತೇ ವಿಚಾರಿಸಿ. ನಮ್ಮ ಹಳ್ಳಿಗಳಲ್ಲಿ ಸಂದಿಯ ಚರಿತ್ರೆ ಕಾಗದಕ್ಕಿಂತ ಹೆಚ್ಚಾಗಿ ಎಂಬತ್ತು ದಾಟಿದ ಇಬ್ಬರು ಮೂವರ ತಲೆಯಲ್ಲಿರುತ್ತದೆ. ನಿಮ್ಮ ಅತ್ತೆಯವರೂ ಅವರಲ್ಲೊಬ್ಬರು, ಮರೆಯಬೇಡಿ.

ಕಾಗದಗಳ ಮಾತು ಬಂದಾಗ ಇನ್ನೊಂದು. ಗ್ರಾಮಠಾಣಾದೊಳಗಿನ ಮನೆಗೆ ಹೊಲಕ್ಕಿದ್ದಂತೆ ಸರ್ವೆ ನಕ್ಷೆ, ಟಿಪ್ಪಣಿ ಇರುವುದಿಲ್ಲ. ಪಂಚಾಯ್ತಿಯ ಖಾತೆ, ಇ-ಸ್ವತ್ತು ಆಗಿದ್ದರೆ ನಮೂನೆ 9 ಮತ್ತು 11, ಇವೇ ಆಧಾರ. ನಿಮ್ಮ ನಮೂನೆ 9ರ ಚೆಕ್ಕುಬಂದಿಯಲ್ಲಿ ಆ ದಿಕ್ಕಿಗೆ 'ಸಂದಿ' ಅಥವಾ 'ಓಣಿ' ಎಂದಿದೆಯೋ, ನೇರವಾಗಿ ಅವರ ಹೆಸರಿದೆಯೋ ನೋಡಿ. ಅವರದ್ದರಲ್ಲೂ ಏನಿದೆ ತಿಳಿಯಬೇಕು. ಕೇಂದ್ರ ಸರ್ಕಾರದ ಸ್ವಾಮಿತ್ವ ಯೋಜನೆ 2020ರ ಏಪ್ರಿಲ್‌ನಲ್ಲಿ ಶುರುವಾದಾಗ ಕರ್ನಾಟಕವೂ ಮೊದಲ ರಾಜ್ಯಗಳಲ್ಲಿತ್ತು. ನಿಮ್ಮೂರಿನ ಮೇಲೆ ಡ್ರೋನ್ ಹಾರಿ ಸುಣ್ಣದ ಗೆರೆ ಎಳೆದಿದ್ದರೆ, ಆ ನಕ್ಷೆಯಲ್ಲಿ ಸಂದಿ ಹೇಗೆ ಬಂದಿದೆ ಎಂಬುದು ದೊಡ್ಡ ಸಾಕ್ಷಿ. ಅವರ ನಮೂನೆಯಲ್ಲಿ ಅಳತೆ ಸಂದಿಯನ್ನೂ ನುಂಗಿಕೊಂಡಿದ್ದು 'ಇದು ಪೂರ್ತಿ ನನ್ನದೇ' ಎಂದು ಅವರು ಹೇಳುವಂತಿದ್ದರೆ, ಬರೀ ಇಂಜಂಕ್ಷನ್ ದಾವೆ ಹಾಕಿ ಕೈಸುಟ್ಟುಕೊಳ್ಳಬೇಡಿ. ಮಾಲೀಕತ್ವದ ಮೇಲೇ ಮೋಡ ಕವಿದಾಗ ಹಕ್ಕುಘೋಷಣೆಯನ್ನೂ ಕೇಳಬೇಕು ಎಂದು ಸುಪ್ರೀಂ ಕೋರ್ಟ್ 2008ರ ಅನಾಥುಲ ಸುಧಾಕರ್ ಪ್ರಕರಣದಲ್ಲಿ ಬಿಡಿಸಿ ಹೇಳಿದೆ. ವರ್ಷಗಟ್ಟಲೆ ನಡೆಸಿದ ದಾವೆ ಈ ಒಂದು ಸಾಲು ಇಲ್ಲದ್ದಕ್ಕೆ ಬಿದ್ದುಹೋದದ್ದನ್ನು ಕಂಡಿದ್ದೇನೆ. ಬರೀ ತಡೆ ಕೇಳಿದರೆ, ಸಾವಿರ ರೂಪಾಯಿ ಮೌಲ್ಯ ಹಾಕಿ ಸಾಮಾನ್ಯವಾಗಿ 25 ರೂಪಾಯಿ ಕೋರ್ಟ್ ಫೀ ಆಗುತ್ತದೆ. ಮಾಲೀಕತ್ವದ ಪ್ರಶ್ನೆ ಬಂದರೆ ಆಸ್ತಿಯ ಬೆಲೆಯ ಮೇಲೆ ಲೆಕ್ಕ. ಹಣ ಉಳಿಸಲು ಹೋಗಿ ಜನ ಎಡವುವುದು ಇಲ್ಲೇ.

ಕಿಟಕಿ, ದೋಣಿ ಎರಡಕ್ಕೂ ಕಾನೂನು ಕೇಳುವುದು ತಡೆಯಿಲ್ಲದ ಇಪ್ಪತ್ತು ವರ್ಷದ ಅನುಭವ. ಮನೆಗೆ ಎಪ್ಪತ್ತು ವರ್ಷವಾಗಿದ್ದರೂ ಲೆಕ್ಕ 1996ರಿಂದಲೇ ಶುರುವಾಗುತ್ತದೆ ಎಂದು ಎದುರಿನವರು ವಾದಿಸುತ್ತಾರೆ. ಅದಕ್ಕೆ ಮೊದಲು ಎರಡೂ ಒಂದೇ ಕುಟುಂಬದ ಸ್ವತ್ತು, ತನ್ನ ಜಾಗದ ಮೇಲೆ ತನಗೇ ಅನುಭೋಗದ ಹಕ್ಕು ಹುಟ್ಟುವುದಿಲ್ಲ. ಹಾಗೆ ಎಣಿಸಿದರೂ 2016ಕ್ಕೆ ನಿಮ್ಮ ಇಪ್ಪತ್ತು ತುಂಬಿದೆ. ಆದರೆ ಕಿಟಕಿ ಮುಚ್ಚಿಹೋದ ಮೇಲೆ ಎರಡು ವರ್ಷ ಸುಮ್ಮನೆ ಕೂತರೆ ಆ ಹಕ್ಕು ಕೈಬಿಡುತ್ತದೆ. ಜೊತೆಗೆ 'ಬೆಳಕು ಕಡಿಮೆಯಾಯಿತು' ಎಂದರೆ ಸಾಲದು, ಹಗಲಲ್ಲೇ ದೀಪ ಹಾಕಬೇಕಾಗಿದೆ ಎಂಬಷ್ಟು ತೊಂದರೆ ತೋರಿಸಬೇಕು. ಮಾಳಿಗೆಯ ನೀರಿನದು ಇನ್ನೂ ಸುಲಭವಾಗಿ ನ್ಯಾಯಾಧೀಶರಿಗೆ ಮುಟ್ಟುತ್ತದೆ. ಶಿರಾದಲ್ಲಿ ಮಳೆ ಕಡಿಮೆ, ನಿಜ. ಬಂದ ದಿನ ದೋಣಿ ಕಟ್ಟಿಕೊಂಡರೆ ಮಣ್ಣಿನ ಗೋಡೆ ಎಷ್ಟು ಹೊತ್ತು ನಿಂತೀತು ಎಂಬುದನ್ನು ಆ ಸೀಮೆಯಲ್ಲಿ ಯಾರಿಗೂ ವಿವರಿಸಬೇಕಿಲ್ಲ. ಹಣದಿಂದ ತುಂಬಲಾಗದ ಹಾನಿ ಎಂದು ಕೋರ್ಟು ಕೇಳುತ್ತದಲ್ಲ, ಅದು ಇದೇ. ತಾತ್ಕಾಲಿಕ ತಡೆಗೆ ಮೂರು ತಕ್ಕಡಿ: ಮೇಲ್ನೋಟಕ್ಕೆ ಪ್ರಕರಣ ಇದೆಯೇ, ತಡೆಯದಿದ್ದರೆ ತುಂಬಲಾರದ ಹಾನಿಯೇ, ಅನನುಕೂಲ ಯಾರಿಗೆ ಹೆಚ್ಚು. ಮೂರನೆಯದರಲ್ಲಿ ಅವರು 'ಸಿಮೆಂಟ್ ಬಂದು ಬಿದ್ದಿದೆ, ಸಾಲಕ್ಕೆ ಬಡ್ಡಿ ಓಡುತ್ತಿದೆ' ಎನ್ನುತ್ತಾರೆ. ನಿಮ್ಮ ಅತ್ತೆ ಮಲಗುವ ಕೋಣೆಯ ಗೋಡೆ ಅದಕ್ಕೆ ಉತ್ತರ.

ದಾವೆ ಶಿರಾದ ಸಿವಿಲ್ ನ್ಯಾಯಾಲಯದಲ್ಲಿ. ಎದುರಿನವರಿಗೆ ತಿಳಿಸದೆ ಮೊದಲ ದಿನವೇ ಆದೇಶ ಬೇಕೆಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 3ನೇ ನಿಯಮದಂತೆ ತುರ್ತು ಏನೆಂದು ತೋರಿಸಬೇಕು, ನ್ಯಾಯಾಧೀಶರೂ ಕಾರಣ ಬರೆಯಬೇಕು. ಸೆಂಟ್ರಿಂಗ್ ಹೊಡೆದ ಫೋಟೊ ಇಲ್ಲಿ ಕೆಲಸಕ್ಕೆ ಬರುತ್ತದೆ. ಫೋಟೊದಲ್ಲಿ ಟೇಪು ಕಾಣಲಿ, ತೆಗೆದ ಫೋನು ಯಾರದೆಂದು ಗೊತ್ತಿರಲಿ. ಹೊಸ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಜೊತೆಗಿರಬೇಕು. ಆದೇಶ ಸಿಕ್ಕಿತೆಂದು ಸಿಹಿ ಹಂಚಿ ಕೂತವರು ಆಮೇಲೆ ಕಳೆದುಕೊಳ್ಳುವುದೂ ಉಂಟು. ದಾವೆಯ ಪ್ರತಿ, ದಾಖಲೆಗಳನ್ನು ಕೂಡಲೇ ಎದುರಿನವರಿಗೆ ಕಳಿಸಿ, ಕಳಿಸಿದ್ದೇವೆಂದು ಅದೇ ದಿನ ಅಥವಾ ಮರುದಿನ ಅಫಿಡವಿಟ್ ಹಾಕಬೇಕು. ತಪ್ಪಿದರೆ ಆದೇಶ ತೆರವಾಗಲು ಅದೊಂದೇ ನೆಪ ಸಾಕು. ಅವರು ಮೊದಲೇ ಕೇವಿಯಟ್ ಹಾಕಿದ್ದರೆ 90 ದಿನದವರೆಗೆ ಅವರನ್ನು ಕೇಳದೆ ಆದೇಶವಾಗುವುದಿಲ್ಲ. ಆದೇಶ ಮೀರಿ ರಾತ್ರೋರಾತ್ರಿ ಮೋಲ್ಡ್ ಹಾಕಿದರೆ 2ಎ ನಿಯಮದಡಿ ಆಸ್ತಿ ಜಪ್ತಿ, ಮೂರು ತಿಂಗಳವರೆಗೆ ಸಿವಿಲ್ ಜೈಲು ಇದೆ. ಪೊಲೀಸ್ ರಕ್ಷಣೆಗೂ ಅದೇ ಕೋರ್ಟಿನಲ್ಲಿ ಅರ್ಜಿ ಹಾಕಬೇಕು.

ಒಂದು ಎಚ್ಚರ. ಅನೇಕ ಸಲ ಕೋರ್ಟು 'ಇಬ್ಬರೂ ಯಥಾಸ್ಥಿತಿ ಕಾಪಾಡಿ' ಎಂದು ಆದೇಶ ಮಾಡುತ್ತದೆ. ಅದು ನಿಮ್ಮ ಕೈಯನ್ನೂ ಕಟ್ಟುತ್ತದೆ. ಮಳೆಗಾಲದಲ್ಲಿ ಮಾಳಿಗೆಗೆ ಮಣ್ಣು ಹಾಕಲು ಏಣಿ ಇಟ್ಟರೂ 'ಆದೇಶ ಮುರಿದರು' ಎಂದು ಅರ್ಜಿ ಬೀಳಬಹುದು. ದುರಸ್ತಿಗೆ ಅವಕಾಶ ಬೇಕೆಂದು ಮೊದಲೇ ಕೇಳಿಕೊಳ್ಳಲು ವಕೀಲರಿಗೆ ಹೇಳಿ.

ಪಂಚಾಯ್ತಿಯ ದಾರಿಯನ್ನೂ ಬಿಡಬೇಡಿ. ಅದು ಬೇರೆ ದಾರಿ, ಜೊತೆಜೊತೆಗೇ ನಡೆಯಲಿ. 1993ರ ಪಂಚಾಯತ್ ರಾಜ್ ಕಾಯ್ದೆಯ 64ನೇ ಕಲಮಿನಂತೆ ಲಿಖಿತ ಅನುಮತಿಯಿಲ್ಲದೆ ಕಟ್ಟುವಂತಿಲ್ಲ. ಬಾಯಿಮಾತಿನ ದೂರು ದೂರಲ್ಲ. ಬರೆದು ಕೊಡಿ, ಸ್ವೀಕೃತಿ ಪಡೆಯಿರಿ, ಒಂದು ಪ್ರತಿ ಶಿರಾ ತಾಲ್ಲೂಕು ಪಂಚಾಯ್ತಿಯ ಕಾರ್ಯನಿರ್ವಹಣಾಧಿಕಾರಿಗೆ ಹೋಗಲಿ. ಲೈಸೆನ್ಸ್ ಮತ್ತು ಪ್ಲಾನಿನ ದೃಢೀಕೃತ ಪ್ರತಿ ಕೇಳಿ. ಕೊಡದಿದ್ದರೆ ಹತ್ತು ರೂಪಾಯಿಯ ಮಾಹಿತಿ ಹಕ್ಕು ಅರ್ಜಿ ಇದೆ, ಆದರೆ ಅದಕ್ಕೆ 30 ದಿನ ಬೇಕು, ನಿಮ್ಮಲ್ಲಿ ಅಷ್ಟು ದಿನವಿಲ್ಲ. 'ಮೂರಡಿ ತೋರಿಸಿದ್ದಾರಂತೆ' ಎಂದು ಬರೆದಿದ್ದೀರಿ. ಆ 'ಅಂತೆ' ಕೋರ್ಟಿನ ಮೆಟ್ಟಿಲು ಹತ್ತುವುದಿಲ್ಲ.

'ದಂಡ ಕಟ್ಟಿ ಸಕ್ರಮ ಮಾಡಿಸುತ್ತೇನೆ' ಎಂಬ ಮಾತಿಗೆ ಹೆದರಬೇಕಿಲ್ಲ. ಈ ಧೈರ್ಯಕ್ಕೆ ನಮ್ಮ ರಾಜ್ಯದಲ್ಲೇ ಹಳೆಯ ಉತ್ತರವಿದೆ. ಉಡುಪಿಯಲ್ಲಿ ಕಲ್ಯಾಣ ಮಂಟಪ ಮತ್ತು ಉಪನ್ಯಾಸ ಸಭಾಂಗಣಕ್ಕೆಂದು ಅನುಮತಿ ಪಡೆದ ಕಟ್ಟಡವನ್ನು ಸಿನಿಮಾ ಮಂದಿರವಾಗಿಸಲು ಪುರಸಭೆ ಒಪ್ಪಿಗೆ ಕೊಟ್ಟಿತು. ಅದು ವಾಸದ ಬಡಾವಣೆ, ನಗರ ಯೋಜನೆಗೆ ವಿರುದ್ಧ. ಅಲ್ಲಿನ ನಿವಾಸಿಯೊಬ್ಬರು ಹೈಕೋರ್ಟಿಗೆ ಹೋದರು. ಹೈಕೋರ್ಟು 'ಒಪ್ಪಿಗೆ ತಪ್ಪು ಹೌದು, ಆದರೆ ಮಾಲೀಕರು ಆಗಲೇ ಹಣ ಸುರಿದಿದ್ದಾರೆ' ಎಂದು ಕೈ ಹಾಕಲಿಲ್ಲ. 1974ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಿರುಗಿಸಿತು. ಹಣ ಖರ್ಚಾಗಿದೆ ಎಂಬುದು ಕಾನೂನು ಮುರಿದದ್ದಕ್ಕೆ ಸಮರ್ಥನೆಯಲ್ಲ, ಅಲ್ಲಿ ವಾಸಿಸುವವರಿಗೆ ಪ್ರಶ್ನಿಸುವ ಹಕ್ಕಿದೆ ಎಂದಿತು. ರಾಮದಾಸ ಶೆಣೈ ಪ್ರಕರಣ ಎಂದರೆ ಶಿರಾದ ವಕೀಲರಿಗೂ ಗೊತ್ತು. 2024ರ ಡಿಸೆಂಬರ್‌ನಲ್ಲಿ ಮೀರತ್‌ನ ಪ್ರಕರಣದಲ್ಲೂ ಅದೇ ನ್ಯಾಯಾಲಯ ಅದೇ ಧಾಟಿಯಲ್ಲಿ ಮಾತಾಡಿದೆ. ನಮ್ಮ ನಗರಗಳ ಅಕ್ರಮ ಸಕ್ರಮ ಯೋಜನೆಗೆ 2017ರ ಜನವರಿಯಲ್ಲಿ ಬಿದ್ದದ್ದೂ ಸುಪ್ರೀಂ ಕೋರ್ಟಿನ ತಡೆಯೇ. ಅದಿರಲಿ, ಸರ್ಕಾರ ಸಕ್ರಮ ಮಾಡಬಹುದಾದದ್ದು ತನ್ನ ನಿಯಮದ ಉಲ್ಲಂಘನೆಯನ್ನು. ನಿಮ್ಮ ಪಾಲಿನ ಸಂದಿಯನ್ನು ದಂಡ ಕಟ್ಟಿಸಿಕೊಂಡು ಇನ್ನೊಬ್ಬರಿಗೆ ಕೊಡಲು ಯಾವ ಯೋಜನೆಗೂ ಬರುವುದಿಲ್ಲ. ಒಂದು ವ್ಯತ್ಯಾಸ ನೆನಪಿಡಿ: ಉಡುಪಿಯವರು ಹೋದದ್ದು ರಿಟ್ ದಾರಿಯಲ್ಲಿ, ಪುರಸಭೆಯ ಮೇಲೆ. ನಿಮ್ಮ ಲಿಖಿತ ದೂರಿನ ಮೇಲೆ ಪಂಚಾಯ್ತಿ ಕೈಕಟ್ಟಿ ಕೂತರೆ ಆ ದಾರಿ ಬೆಂಗಳೂರಿನಲ್ಲಿ ನಿಮಗೂ ತೆರೆದಿದೆ. ತುರ್ತಿಗೆ ಮಾತ್ರ ಶಿರಾವೇ ಹತ್ತಿರ.

ಕ್ರಿಮಿನಲ್ ಕೇಸಿನ ಸಲಹೆ ಕೊಟ್ಟವರ ಮನೆಗೆ ಸ್ವಲ್ಪ ದಿನ ಹೋಗಬೇಡಿ. ಆಗದ ಹೊಡೆದಾಟವನ್ನು ಆಯಿತೆಂದು ಬರೆದ ದಿನ, ಆಗಿರುವ ಒತ್ತುವರಿಯನ್ನೂ ಯಾರೂ ನಂಬುವುದಿಲ್ಲ.

ಈಗ ಬಚ್ಚಲುಮನೆ. ಇಂಜಂಕ್ಷನ್ ಎಂಬುದು ಕೇಳಿದವರಿಗೆಲ್ಲ ಕೊಡಲೇಬೇಕಾದ ಪರಿಹಾರವಲ್ಲ, ಕೇಳುವವರ ನಡತೆಯನ್ನೂ ಕೋರ್ಟು ನೋಡುತ್ತದೆ. ನಡತೆ ಸರಿಯಿಲ್ಲದಿದ್ದರೆ ನಿರಾಕರಿಸಬಹುದೆಂದು ಅದೇ ನಿರ್ದಿಷ್ಟ ಪರಿಹಾರ ಕಾಯ್ದೆಯ 41ನೇ ಕಲಮು ಹೇಳುತ್ತದೆ. ದಾವೆಯಲ್ಲಿ ಬಚ್ಚಲುಮನೆ ಮುಚ್ಚಿಟ್ಟರೆ ಅವರ ಆಕ್ಷೇಪಣೆಯ ಮೊದಲ ಪುಟದಲ್ಲೇ ಅದು ಫೋಟೊ ಸಮೇತ ಬರುತ್ತದೆ. ಸತ್ಯ ಮುಚ್ಚಿ ಆದೇಶ ಪಡೆದರು ಎಂದು ತಡೆ ತೆರವಾಗುತ್ತದೆ, ಮೋಲ್ಡ್ ಮರುದಿನವೇ. ನೀವೇ ಬರೆಯಿರಿ: 2009ರಲ್ಲಿ ಇಷ್ಟು ಅಡಿ ನಾವು ಸಂದಿಗೆ ಬಂದಿದ್ದೇವೆ, ಅವರು ಆಗ ಆಕ್ಷೇಪಿಸಲಿಲ್ಲ, ನ್ಯಾಯಾಲಯ ಹೇಳಿದರೆ ತೆಗೆಯಲು ಸಿದ್ಧ. ಕೊನೆಯ ವಾಕ್ಯ ನಿಮಗೆ ಕಷ್ಟ, ಗೊತ್ತು. ಅದಿಲ್ಲದೆ ಉಳಿದದ್ದು ನಿಲ್ಲುವುದಿಲ್ಲ.

ಆ ಒಂದಡಿಯೇ ರಾಜಿಯ ಬಾಗಿಲೂ ಹೌದು. ದಾಯಾದಿಗಳ ಗೋಡೆ ಜಗಳದಲ್ಲಿ ಗೆದ್ದವರೂ ಮದುವೆ, ತಿಥಿಗೆ ಪರಸ್ಪರ ಹೋಗದೆ ಇಪ್ಪತ್ತು ವರ್ಷ ಕಳೆದದ್ದನ್ನು ನೋಡಿದ್ದೇನೆ. ನೀವು ಬಚ್ಚಲುಮನೆ ಹಿಂದಕ್ಕೆ ಸರಿಸುವುದು, ಅವರು ಪ್ಲಾನಿನಲ್ಲಿ ತಾವೇ ಬರೆದುಕೊಟ್ಟ ಮೂರಡಿಗೆ ಹಿಂದೆ ಹೋಗಿ ಸಜ್ಜೆ ಕೈಬಿಡುವುದು, ದೋಣಿ ನೀರಿಗೆ ಇಬ್ಬರ ಖರ್ಚಿನಲ್ಲಿ ಒಂದು ಚರಂಡಿ. ಪಿಲ್ಲರ್ ಸರಿಸಲು ದುಡ್ಡು ಬೇಕು, ಆದರೆ ಮೋಲ್ಡ್ ಬಿದ್ದ ಮೇಲೆ ಆಗುವುದಕ್ಕಿಂತ ಈಗ ಎಷ್ಟೋ ಕಡಿಮೆ. ಆ ಲೆಕ್ಕ ಅವರಿಗೂ ಗೊತ್ತು, ಸ್ಟೇ ಕೈಗೆ ಬಂದ ಮೇಲೆ ಇನ್ನೂ ಚೆನ್ನಾಗಿ ಗೊತ್ತಾಗುತ್ತದೆ. ಹಾಗಾಗಿ ಮೊದಲು ದಾವೆ, ಆಮೇಲೆ ಮಾತು. ಈ ಕ್ರಮ ತಿರುಗುಮುರುಗಾದರೆ ಮಾತಿನಲ್ಲೇ ಆಷಾಢ ಕಳೆಯುತ್ತದೆ. ರಾಜಿಯಾದರೆ ಲೋಕ ಅದಾಲತ್‌ನಲ್ಲಿ ಬರೆಸಿಕೊಳ್ಳಿ. ಅದಕ್ಕೆ ಡಿಕ್ರಿಯ ಬಲವಿದೆ, ಮೇಲ್ಮನವಿಯಿಲ್ಲ, ಕಟ್ಟಿದ ಕೋರ್ಟ್ ಫೀಯೂ ವಾಪಸ್ಸು. ಅಳತೆಯನ್ನು ಅಡಿ, ಅಂಗುಲದಲ್ಲಿ ಬರೆಸಿ. 1996ರ ಪಾರೀಕತ್ತಿನಂತೆ ಇನ್ನೊಂದು ಬಿಡಿ ಕಾಗದವಾಗುವುದು ಬೇಡ.

ವಕೀಲರ ಫೀಜಿಗೆ ಹೆದರಿ ಕೂರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ ಉಚಿತ ವಕೀಲರು ಸಿಗುತ್ತಾರೆ. ಶಿರಾ ಕೋರ್ಟಿನಲ್ಲಿ ತಾಲ್ಲೂಕು ಕಾನೂನು ಸೇವಾ ಸಮಿತಿ ಎಂದು ಕೇಳಿ, ಅಥವಾ 15100ಕ್ಕೆ ಫೋನ್ ಮಾಡಿ. ಮಗ ರಜೆ ಹಾಕಿ ಬರಲಿ ಎಂದು ಕಾಯಬೇಡಿ. ಪಾರೀಕತ್ತು, ನಮೂನೆ 9, ಕಂದಾಯದ ರಸೀದಿಗಳು, ಪಂಚಾಯ್ತಿ ನೋಟಿಸಿನ ಪ್ರತಿ ಒಂದು ಚೀಲದಲ್ಲಿರಲಿ. ಹೊರಡುವ ಮೊದಲು ಸಂದಿಯನ್ನು ಮೂರು ಕಡೆ ಅಳೆದು ಬರೆದುಕೊಳ್ಳಿ, ಬಚ್ಚಲುಮನೆಯ ಗೋಡೆಯಿಂದಲೂ.